ಒತ್ತೆಕೋಲದ ಕೆಂಡ, ಪುಷ್ಪಮಾಲಾ ಅವರ ರಂಗಪರದೆ

ಸಂಪಾದಕರಿಗೆ,

ಮಾನ್ಯರೇ,

ಬೆಂಗಳೂರಿನ ಕಲಾವಿದೆ ಎನ್. ಪುಷ್ಪಮಾಲಾ ಅವರ ಕೃತಿಗಳ ಮಾತು ಬಂದಾಗಲೆಲ್ಲ, ಪುರಾಣದ ಪಾತ್ರಗಳನ್ನು ಗ್ಯಾಲರಿಗೆ ಎಳೆದು ತಂದು ಪ್ರಶ್ನಿಸುವುದು ನಗರದವರ ಹೊಸ ಚಾಳಿ, ನಮ್ಮ ಆರಾಧನೆಯ ನೆಲಕ್ಕೆ ಅದು ಸಲ್ಲದು ಎಂಬ ಆಕ್ಷೇಪವನ್ನು ಇಲ್ಲಿ ಕೇಳುತ್ತಿದ್ದೇನೆ. ವಿಷ್ಣುಮೂರ್ತಿ ದೈವ ಕೆಂಡದ ಮೇಲೆ ಬೀಳುವ ಆರಾಧನೆಯಾದ ಒತ್ತೆಕೋಲವನ್ನು ಚಿಕ್ಕಂದಿನಿಂದ ನೋಡುತ್ತ ಬೆಳೆದ ನಾನು ಇದನ್ನು ಒಪ್ಪಲಾರೆ.

ಒತ್ತೆಕೋಲದ ವಿಷ್ಣುಮೂರ್ತಿ ಹಿರಣ್ಯಕಶಿಪುವನ್ನು ಸೀಳಿದ ನರಸಿಂಹನೂ ಹೌದು, ನೀಲೇಶ್ವರದ ಪಾಲಂತಾಯಿ ಕಣ್ಣನ ಕಥೆಯೂ ಹೌದು. ದನ ಕಾಯುತ್ತಿದ್ದ ಆ ಹುಡುಗ ಒಂದು ಮಾವಿನಹಣ್ಣಿನ ಕಾರಣಕ್ಕೆ ಒಡೆಯನಾದ ಕುರುಪ್ಪನ ಕೋಪಕ್ಕೆ ಗುರಿಯಾಗಿ ಮಂಗಳೂರಿಗೆ ಓಡಿಹೋದ, ಅಲ್ಲಿ ನರಸಿಂಹನನ್ನು ಸೇವಿಸಿದ, ಎಷ್ಟೋ ವರ್ಷಗಳ ಬಳಿಕ ಊರಿಗೆ ಮರಳಿದಾಗ ಅದೇ ಒಡೆಯನ ಕತ್ತಿಗೆ ಬಲಿಯಾದ. ದೈವದ ಕಥೆ ಹೇಳುವ ಹಾಡಾದ ತೋಟ್ಟಂಪಾಟ್ಟು ಈ ಅನ್ಯಾಯವನ್ನು ಮುಚ್ಚಿಡುವುದಿಲ್ಲ. ಮೇಲೇರಿ ಎಂಬ ಕೆಂಡರಾಶಿಯ ಮೇಲೆ, ಮೈಗೆ ತೆಂಗಿನ ಎಳೆಗರಿಯ ಸಿರಿ ಸುತ್ತಿಕೊಂಡು ಮತ್ತೆ ಮತ್ತೆ ಬೀಳುವ, ದೈವದ ವೇಷ ಧರಿಸಿದ ಕೋಲಧಾರಿಯ ಮುಂದೆ ಒಡೆಯರ ಮನೆತನದವರೂ ಕೈಮುಗಿದು ನಿಲ್ಲುತ್ತಾರೆ. ಪುರಾಣದ ಒಳಗೆ ನೊಂದವರ ದೂರನ್ನು ಸೇರಿಸಿ, ಅದನ್ನು ಮೈಯಿಂದಲೇ ಹೇಳುವ ಕ್ರಮ ನಮ್ಮಲ್ಲಿ ಮೊದಲಿನಿಂದಲೂ ಇದೆ. ವೇಷವಿಲ್ಲದೆ ಮಾತಿನಲ್ಲೇ ಪಾತ್ರದ ಅರ್ಥ ಹೇಳುವ ತಾಳಮದ್ದಳೆಯಲ್ಲಿ ಶೇಣಿ ಗೋಪಾಲಕೃಷ್ಣ ಭಟ್ಟರ ವಾಲಿ ರಾಮನನ್ನು ಪ್ರಶ್ನಿಸಿದಾಗ ಯಾರೂ ಎದ್ದು ಹೋಗಲಿಲ್ಲವಷ್ಟೆ.

ಪುಷ್ಪಮಾಲಾ ಅವರು ಶಿಲ್ಪಿಯಾಗಿ ಬರೋಡಾದಲ್ಲಿ ಕಲಿತವರು. ತೊಂಬತ್ತರ ದಶಕದ ನಡುವಿನಿಂದ ತಾವೇ ವೇಷ ಧರಿಸಿ ಕ್ಯಾಮೆರಾದ ಮುಂದೆ ನಿಲ್ಲುತ್ತ ಬಂದಿದ್ದಾರೆ. 2000ರಿಂದ 2004ರವರೆಗೆ ಛಾಯಾಗ್ರಾಹಕಿ ಕ್ಲೇರ್ ಆರ್ನಿ ಅವರೊಂದಿಗೆ ಮಾಡಿದ ಚಿತ್ರಮಾಲೆಯಲ್ಲಿ ರವಿವರ್ಮನ ಲಕ್ಷ್ಮಿಯಾದದ್ದೂ ಅವರೇ, ವಸಾಹತು ಕಾಲದ ಅಧಿಕಾರಿಗಳು ಅಳತೆಪಟ್ಟಿಯ ಮುಂದೆ ನಿಲ್ಲಿಸುತ್ತಿದ್ದ, ನೀಲಗಿರಿಯ ತೋಡ ಬುಡಕಟ್ಟಿನ ಹೆಂಗಸಾದದ್ದೂ ಅವರೇ. ದೇವಿಯನ್ನೂ ಅಳೆಸಿಕೊಂಡವಳನ್ನೂ ಒಂದೇ ಮೈ ಧರಿಸಿದ್ದನ್ನು ಕಂಡಾಗ, ನೋಡುವವನ ಅಧಿಕಾರ ಯಾರದ್ದು ಎಂಬ ಪ್ರಶ್ನೆ ತಾನಾಗಿ ಏಳುತ್ತದೆ. ‘ಆವೇಗ’ ಎಂಬ ಚಿತ್ರಮಾಲೆಯಲ್ಲಿ ಕೈಕೇಯಿ, ಸೀತೆ, ಶೂರ್ಪಣಖಿಯರನ್ನು ಕಂಪನಿ ನಾಟಕದ ನೆನಪು ತರುವ ಸಜ್ಜಿಕೆಯಲ್ಲಿ ನಿಲ್ಲಿಸುವಾಗಲೂ ಅವರು ಅವಮಾನಿಸುತ್ತಿಲ್ಲ, ಆ ಹೆಂಗಸರ ಪಾಲಿನ ಅರ್ಥ ಹೇಳುತ್ತಿದ್ದಾರೆ.

ಆಕ್ಷೇಪಿಸುವವರ ಒಂದು ಆತಂಕ ಮಾತ್ರ ನ್ಯಾಯವಾದದ್ದು. ವ್ರತ ಹಿಡಿದು, ದೈವದ ಅಲಂಕಾರವಾದ ಅಣಿ ಕಟ್ಟಿ, ಮುಖವರ್ಣಿಕೆಗಾಗಿ ಗಂಟೆಗಟ್ಟಲೆ ಮಲಗಿ ಸಿದ್ಧಗೊಳ್ಳುವ ಕೋಲವನ್ನು ಕಾಲಮಾನವಿಲ್ಲದೆ ಸ್ವಾಗತ ಮೆರವಣಿಗೆಗಳಲ್ಲಿ ಕುಣಿಸುವುದು ನನಗೂ ನೋವು ತರುತ್ತದೆ. ಆದರೆ ಪುಷ್ಪಮಾಲಾ ಅವರು ಬೇರೆಯವರ ವ್ರತವನ್ನು ಎರವಲು ತಂದಿಲ್ಲ, ತಮ್ಮ ಮೈಯನ್ನೇ ಒಡ್ಡಿದ್ದಾರೆ. ಈ ವ್ಯತ್ಯಾಸವನ್ನು ಗುರುತಿಸದೆ ಎರಡನ್ನೂ ಒಂದೇ ತಕ್ಕಡಿಯಲ್ಲಿ ತೂಗಬಾರದು.

ಇಂಥ ಚಿತ್ರಗಳು ಮಂಜೇಶ್ವರದ ಗೋವಿಂದ ಪೈ ಸ್ಮಾರಕ ‘ಗಿಳಿವಿಂಡು’ವಿನಲ್ಲಿ ಪ್ರದರ್ಶನಗೊಳ್ಳಲಿ, ಮೊದಲ ದಿನದ ಆಹ್ವಾನ ಕೋಲಧಾರಿಗಳಿಗೆ ಮತ್ತು ತಾಳಮದ್ದಳೆಯ ಅರ್ಥಧಾರಿಗಳಿಗೆ ಹೋಗಲಿ, ಅವರು ಹೇಳುವುದನ್ನು ತಮ್ಮ ಪತ್ರಿಕೆ ಪ್ರಕಟಿಸಲಿ ಎಂದು ಕೋರುತ್ತೇನೆ.

— ಓರ್ವ ಓದುಗ, ಬದಿಯಡ್ಕ, ಕಾಸರಗೋಡು