ಹಚ್ಚೆಯ ಕೈ

ಚಿರಂಜೀವಿ ಕಾವ್ಯಾಳಿಗೆ ದೊಡ್ಡಮ್ಮನ ಆಶೀರ್ವಾದಗಳು.

ನವೆಂಬರ್ 25ರಿಂದ ಡಿಸೆಂಬರ್ 10ರವರೆಗಿನ 16 ದಿನಗಳ, ಹೆಣ್ಣುಮಕ್ಕಳ ಮೇಲಿನ ದೌರ್ಜನ್ಯದ ವಿರುದ್ಧದ ಅಭಿಯಾನಕ್ಕೆ ನೀನು ಮಾಡಿದ ಪೋಸ್ಟರ್ ನೋಡಿದೆ. ಗಂಡನ ಹೊಡೆತ ತಾಳಲಾರದೆ ಮನೆ ಬಿಟ್ಟು ಬಂದವಳ ಕಥೆ. ಹೆಸರು ಬದಲಿಸಿದ್ದೀಯ, ಮುಖ ಮಸುಕು ಮಾಡಿದ್ದೀಯ. ಆದರೆ ತಾಲ್ಲೂಕಿನ ಹೆಸರು, ಇಬ್ಬರು ಹೆಣ್ಣುಮಕ್ಕಳು, ಬಸ್ ಸ್ಟ್ಯಾಂಡ್ ಪಕ್ಕದ ಹೂವಿನ ಅಂಗಡಿ ಎಲ್ಲ ಹಾಗೇ ಇದೆಯಲ್ಲೇ!

ನಾವೂ ಹೀಗೇ ಮಾಡಿದ್ದೆವು. ಇಪ್ಪತ್ತು ವರ್ಷದ ಹಿಂದೆ ನಮ್ಮ ಸಂಸ್ಥೆಯಿಂದ ಇಂಥದೇ ಕಥೆಯ ಒಂದು ಕರಪತ್ರಕ್ಕೆ ಒಬ್ಬಾಕೆಯ ಕೈ ಮಾತ್ರ ಹಾಕಿದ್ದೆವು, ಹೊಲಿಗೆ ಮೆಷಿನ್ ಮೇಲಿಟ್ಟ ಕೈ. ಹಚ್ಚೆ ಕಾಣುತ್ತಿತ್ತು. ಮುಂದಿನ ಸಂತೆಯ ಹೊತ್ತಿಗೆ ಊರಿಗೆಲ್ಲ ಗೊತ್ತು. ರವಿಕೆ ಹೊಲಿಸುವವರು ಬರುವುದನ್ನೇ ನಿಲ್ಲಿಸಿದರು. ಆಕೆ ಬೈಯಲಿಲ್ಲ. "ಮೆಷಿನ್ ಕೊಡಿಸಿದವರು ನೀವು. ಕೇಳಿದಾಗ ಬೇಡ ಅಂತ ಹೆಂಗೆ ಅನ್ಲಿ ಅಕ್ಕಾ?" ಅಂದಳು. ಅವಳ ಸಹಿ ನಮ್ಮ ಫೈಲಿನಲ್ಲಿತ್ತು. ಆ ಸಹಿ ಋಣಕ್ಕೆ ಹಾಕಿದ್ದು, ಒಪ್ಪಿಗೆಗಲ್ಲ.

ಅದಕ್ಕೇ ಹೇಳುತ್ತೇನೆ, ಕೇಸ್ ನೋಡಿಕೊಳ್ಳುವವಳೇ ಪ್ರಚಾರಕ್ಕೆ ಕಥೆ ಕೊಡು ಎಂದು ಕೇಳಬಾರದು. ಬೇರೆ ಯಾರಾದರೂ ಹೋಗಲಿ. ಬರೆದದ್ದನ್ನು ಅವಳಿಗೆ ಓದಿ ಹೇಳಲಿ. ವಾರ ಬಿಟ್ಟು ಇನ್ನೊಮ್ಮೆ ಕೇಳಲಿ. ವಾಟ್ಸಾಪಿಗೆ ಹೋದದ್ದು ವಾಪಸ್ ಬರುವುದಿಲ್ಲ, ನಾಳೆ ಮಕ್ಕಳೂ ಓದಬಹುದು ಅನ್ನುವುದನ್ನು ಮುಚ್ಚಿಡಬೇಡಿ. ಹಾಗೆಂದು ಹೇಳಬೇಕೆಂದು ಬಂದವಳನ್ನು ತಡೆಯಲೂಬೇಡಿ. ಕೆಲವರಿಗೆ ತಮ್ಮ ಹೆಸರಲ್ಲೇ, ತಮ್ಮ ಬಾಯಲ್ಲೇ ಹೇಳಬೇಕು ಅನಿಸುತ್ತದೆ.

ಅತ್ಯಾಚಾರದ ಪ್ರಕರಣವಾಗಿದ್ದರೆ ಕಾನೂನೇ ಅಡ್ಡ ನಿಲ್ಲುತ್ತಿತ್ತು. ಆಕೆ ತಾನಾಗಿ ಬರೆದುಕೊಡದೆ ಗುರುತು ಬಿಟ್ಟುಕೊಟ್ಟರೆ ಭಾರತೀಯ ನ್ಯಾಯ ಸಂಹಿತೆಯ 72ನೇ ಕಲಂ ಪ್ರಕಾರ ಎರಡು ವರ್ಷದವರೆಗೆ ಜೈಲು. ಮಕ್ಕಳ ಮೇಲಿನ ಲೈಂಗಿಕ ದೌರ್ಜನ್ಯಕ್ಕಿರುವ ಪೋಕ್ಸೊ ಕಾಯ್ದೆ ಇನ್ನೂ ಬಿಗಿ: ಶಾಲೆ, ನೆರೆಹೊರೆಯ ಸುಳಿವೂ ಮಾಧ್ಯಮದಲ್ಲಿ ಬರಕೂಡದು. ಮನೆಯೊಳಗಿನ ಹೊಡೆತಕ್ಕೆ 72ರ ಕಾವಲಿಲ್ಲ. ಇಲ್ಲಿ ಕಾವಲು ನೀವೇ ಅಲ್ವಾ?

ಇನ್ನೊಂದು ಮಾತು. ಬೆಲ್ಟು, ರಕ್ತ, ಹೊಲಿಗೆ ಎಷ್ಟು ಬಿತ್ತು, ಇದೆಲ್ಲ ಯಾರಿಗಾಗಿ? ಆಕೆ ಹೊರಗೆ ಬಂದದ್ದು ಹೇಗೆ, ಯಾರು ಜೊತೆಗೆ ನಿಂತರು, ಅದನ್ನು ಬರಿ. 181 ಮಹಿಳಾ ಸಹಾಯವಾಣಿಯ ನಂಬರನ್ನು ಮೂಲೆಯಲ್ಲಿ ಇರುವೆ ಸಾಲಿನ ಹಾಗೆ ಹಾಕಿದ್ದೀಯ, ನನ್ನ ಕನ್ನಡಕಕ್ಕೂ ಕಾಣಲಿಲ್ಲ!

ಗುರುವಾರ ಪ್ರಿಂಟಿಗೆ ಹೋಗುತ್ತದೆ ಅಂದಿದ್ದೀಯ. ಅಷ್ಟರೊಳಗೆ ಆಕೆಯ ಬಳಿ ಯಾರನ್ನಾದರೂ ಕಳಿಸು. ಬೇಡ ಅಂದರೆ ಕಾರಣ ಕೇಳಬೇಡಿ. ಆ ಜಾಗ ಖಾಲಿ ಇದ್ದರೂ ಪರವಾಗಿಲ್ಲ, ನಂಬರ್ ದೊಡ್ಡದು ಮಾಡು.

ಇಂತಿ,
ನಿನ್ನ ದೊಡ್ಡಮ್ಮ