ಮೇಷ್ಟ್ರ ಪುಸ್ತಕ ಬಂತು, ಇಷ್ಟು ಜನರ ಋಣ ಇದೆ

ಹೋದ ವಾರ ಪುಸ್ತಕ ಅಚ್ಚಾಗಿ ಕೈಗೆ ಬಂತು. ನನ್ನ ಮೇಷ್ಟ್ರ ಜೀವನಚರಿತ್ರೆ. ಆರು ವರ್ಷ ಹಿಡಿಯಿತು. ಅದರಲ್ಲಿ ಹತ್ತಿರ ಹತ್ತಿರ ಒಂದು ವರ್ಷ ನಾನು ಒಂದು ಸಾಲೂ ಬರೆಯಲಿಲ್ಲ. ಕರಡನ್ನೆಲ್ಲ ಕಟ್ಟಿ ಅಟ್ಟಕ್ಕೆ ಹಾಕಿಬಿಟ್ಟಿದ್ದೆ. ಅದು ಮತ್ತೆ ಕೆಳಗಿಳಿದದ್ದು ಕೆಲವರಿಂದ. ಪುಸ್ತಕದ ಮೊದಲಲ್ಲಿ ಅವರ ಹೆಸರುಗಳಿವೆ, ಆದರೆ ಅವರು ಏನು ಮಾಡಿದರು ಅಂತ ಹೇಳಲು ಅಲ್ಲಿ ಜಾಗ ಇರಲಿಲ್ಲ. ಇಲ್ಲಿ ಹೇಳುತ್ತೇನೆ.

ಮೇಷ್ಟ್ರು ಇಪ್ಪತ್ತೆರಡು ವರ್ಷ ರಸಾಯನಶಾಸ್ತ್ರ ಪಾಠ ಮಾಡಿದವರು. ಆಮೇಲೆ ಕೆಲಸ ಬಿಟ್ಟು, ಪ್ರಯೋಗಾಲಯಗಳಿಗೆ ಗಾಜಿನ ಉಪಕರಣ ಮಾಡಿಕೊಡುವ ಸಣ್ಣ ಕಂಪನಿ ಕಟ್ಟಿದರು. ಹಾಗಾಗಿ ಅವರ ಕಾಗದಪತ್ರ ಎರಡು ಕಡೆ ಇತ್ತು. ವಿಭಾಗದ ನಡವಳಿ ಪುಸ್ತಕಗಳು ಒಂದು ಕಡೆ, ಕಂಪನಿಯ ಲೆಜರುಗಳು ಇನ್ನೊಂದು ಕಡೆ. ಇವೆರಡರ ಜೊತೆ ಮೇಷ್ಟ್ರೇ ಟೈಪ್ ಮಾಡಿಟ್ಟಿದ್ದ ಎಂಬತ್ತು ಪುಟ ನೆನಪುಗಳೂ ಇದ್ದವು.

ಆ ಎಂಬತ್ತು ಪುಟ ಓದಿದಾಗ ನನ್ನ ಕೆಲಸ ಅರ್ಧ ಮುಗಿಯಿತು ಅಂದುಕೊಂಡಿದ್ದೆ. ತಪ್ಪು. ಕೆಲಸ ಬಿಟ್ಟ ದಿನ, ಮೊದಲ ಕುಲುಮೆ ಹೊತ್ತಿಸಿದ ದಿನ, ಮೊದಲ ದೊಡ್ಡ ಆರ್ಡರ್ ಬಂದ ದಿನ, ಎಲ್ಲವೂ ಒಂದರ ಹಿಂದೆ ಒಂದು ಚೆಂದವಾಗಿ ಬರುತ್ತಿದ್ದವು. ಕಂಪನಿಯಲ್ಲಿ ಲೆಕ್ಕ ಬರೆಯುತ್ತಿದ್ದ ಹಿರಿಯರೊಬ್ಬರು ಅದನ್ನು ಓದಿ ಏನೂ ಹೇಳಲಿಲ್ಲ. ಮೊದಲ ಮೂರು ವರ್ಷದ ಲೆಜರು ತೆಗೆದು ನನ್ನ ಮುಂದೆ ಇಟ್ಟರು. ಆರ್ಡರುಗಳ ಜಾಗ ಖಾಲಿ. ಪ್ರತಿ ತಿಂಗಳೂ ಜಮೆ ಆಗುತ್ತಿದ್ದದ್ದು ಮೇಷ್ಟ್ರ ಹೆಂಡತಿಯ ಸಂಬಳ. ಆ ಮೂರು ವರ್ಷ ಕಂಪನಿಯನ್ನು ನಡೆಸಿದ್ದು ಅವರು. ಮೇಷ್ಟ್ರ ಎಂಬತ್ತು ಪುಟದಲ್ಲಿ ಅವರ ಹೆಸರು ಬರುವುದು ಎರಡೇ ಸಲ. ಮೇಷ್ಟ್ರು ಸುಳ್ಳು ಬರೆದಿದ್ದರು ಅಂತ ನನಗೆ ಅನ್ನಿಸುವುದಿಲ್ಲ. ಮೂವತ್ತು ವರ್ಷ ಆದಮೇಲೆ ನೆನಪು ತನಗೆ ಬೇಕಾದದ್ದನ್ನು ಮಾತ್ರ ಇಟ್ಟುಕೊಂಡಿತ್ತು, ಅಷ್ಟೇ.

ಅಮೆರಿಕದ ದೊಡ್ಡ ಪತ್ರಿಕೆಯೊಂದನ್ನು ನಡೆಸಿದ ಕ್ಯಾಥರಿನ್ ಗ್ರಹಾಂ ಆತ್ಮಕಥೆ ಬರೆಯುವಾಗ ತಮ್ಮದೇ ಬದುಕಿನ ಬಗ್ಗೆ ಬೇರೆಯವರನ್ನು ಕೇಳಿಕೊಂಡು, ಹಳೇ ಪತ್ರಗಳನ್ನು ನೋಡಿಕೊಂಡು ಬರೆದರು. ಗಂಡನ ಕಾಯಿಲೆ, ಆತ್ಮಹತ್ಯೆ ಯಾವುದನ್ನೂ ಮುಚ್ಚಿಡಲಿಲ್ಲ. 1997ರಲ್ಲಿ ಪುಸ್ತಕ ಬಂತು, ಮರುವರ್ಷ ಪುಲಿಟ್ಜರ್ ಪ್ರಶಸ್ತಿಯೂ ಬಂತು. ನನ್ನ ಬದುಕು ನನಗೇ ಗೊತ್ತಿಲ್ವಾ ಅಂತ ಅವರು ಸುಮ್ನೆ ಕೂರಲಿಲ್ಲ. ಲೆಜರು ತೋರಿಸಿದ ಆ ಹಿರಿಯರಿಂದ ನಾನು ಕಲಿತದ್ದೂ ಅದನ್ನೇ. ಪುಸ್ತಕದ ಏಳನೇ ಅಧ್ಯಾಯ ಅವರದ್ದು. ಸರ್, ನಿಮಗೆ ನಮಸ್ಕಾರ.

ಕಂಪನಿಯನ್ನು ಈಗ ನಡೆಸುತ್ತಿರುವವರಿಗೂ ಥ್ಯಾಂಕ್ಸ್. ಗೋದಾಮಿನ ಬೀಗದ ಕೈ ಕೊಟ್ಟು, "ಎಲ್ಲ ನೋಡಿ" ಅಂದರು. ಒಂದು ಷರತ್ತೂ ಹಾಕಲಿಲ್ಲ. ಇದು ಸಣ್ಣ ವಿಷಯ ಅಲ್ಲ. ಅಮೆರಿಕದ ಕಾರು ಕಂಪನಿ ಜನರಲ್ ಮೋಟರ್ಸನ್ನು ದೊಡ್ಡದಾಗಿ ಬೆಳೆಸಿದ ಆಲ್ಫ್ರೆಡ್ ಸ್ಲೋನ್ ತಮ್ಮ ವರ್ಷಗಳ ಬಗ್ಗೆ ಬರೆದ ಪುಸ್ತಕವನ್ನು ಅದೇ ಕಂಪನಿಯ ವಕೀಲರು ವರ್ಷಗಟ್ಟಲೆ ತಡೆದಿದ್ದರು. ಸ್ಲೋನ್ ಜೊತೆ ಕೂತು ಬರೆದ ಜಾನ್ ಮೆಕ್‌ಡೊನಾಲ್ಡ್ ಕೋರ್ಟು ಹತ್ತಿದ ಮೇಲೇ ಅದು ಹೊರಗೆ ಬಂದದ್ದು.

ಇನ್ನು ಆ ಬರೆಯದ ವರ್ಷದ ವಿಷಯ.

ಮೇಷ್ಟ್ರಿಗೆ ಹೆಸರು ತಂದ ಒಂದು ಸಂಶೋಧನಾ ಪ್ರಬಂಧ ಇದೆ. ಅದರ ಪ್ರಯೋಗಗಳಲ್ಲಿ ಮುಕ್ಕಾಲು ಪಾಲು ಮಾಡಿದ್ದು ಅವರ ವಿದ್ಯಾರ್ಥಿನಿ. ಪ್ರಬಂಧದಲ್ಲಿ ಅವರ ಹೆಸರಿಲ್ಲ. ಇದು ನನಗೆ ಗೊತ್ತಾದದ್ದು ವಿಭಾಗದ ನಡವಳಿ ಪುಸ್ತಕದ ಒಂದು ಸಾಲಿನಿಂದ. ಅವರನ್ನು ಹುಡುಕಿಕೊಂಡು ಹೋದೆ. ಮೊದಲ ಎರಡು ಸಲ ಮಾತಾಡಲು ಒಪ್ಪಲಿಲ್ಲ. ಮೂರನೇ ಸಲ ತಮ್ಮ ಪ್ರಯೋಗದ ನೋಟ್‌ಬುಕ್ ತಂದು ಮೇಜಿನ ಮೇಲಿಟ್ಟರು. ಪ್ರತಿ ಪುಟಕ್ಕೂ ತಾರೀಖು ಇತ್ತು. "ಅವರನ್ನು ಕೆಟ್ಟವರನ್ನಾಗಿ ಮಾಡಬೇಡಿ. ನಡೆದದ್ದು ಬರೆಯಿರಿ" ಅಂದರು. ಅದಕ್ಕಿಂತ ಜಾಸ್ತಿ ಏನೂ ಕೇಳಲಿಲ್ಲ.

ಬರೆದೆ. ಮೇಷ್ಟ್ರ ಮಗಳಿಗೆ ಕಳಿಸಿದೆ. ಅವರು ಓದಿ ಅತ್ತರು. ಈ ಅಧ್ಯಾಯ ಇದ್ದರೆ ಪುಸ್ತಕವೇ ಬೇಡ ಅಂದರು. ಅವರ ಮೇಲೆ ನನಗೆ ಕೋಪ ಬರಲಿಲ್ಲ. ಅಪ್ಪ ತೀರಿಕೊಂಡು ಇನ್ನೂ ನಾಲ್ಕು ವರ್ಷ ಆಗಿರಲಿಲ್ಲ. ನನಗೂ ಮೇಷ್ಟ್ರು ಅಂದರೆ ಪ್ರಾಣ. ಅವರು ನನಗೆ ಓದು ಕಲಿಸಿದವರು, ನಾನು ಅವರ ತಪ್ಪನ್ನು ಅಚ್ಚು ಹಾಕಿಸಲು ಹೊರಟಿದ್ದೆ. ಆ ಅಧ್ಯಾಯ ಬಿಟ್ಟು ಪುಸ್ತಕ ತರಲು ಮನಸ್ಸು ಬರಲಿಲ್ಲ. ಸೇರಿಸಿ ತರಲು ಧೈರ್ಯ ಬರಲಿಲ್ಲ. ಕರಡು ಅಟ್ಟಕ್ಕೆ ಹೋಯಿತು.

ಆ ವರ್ಷ ಬೇರೆಯವರ ಜೀವನಕತೆ ಓದುತ್ತಾ ಕೂತೆ. 1968ರಲ್ಲಿ ಜೇಮ್ಸ್ ವಾಟ್ಸನ್ ಡಿಎನ್‌ಎ ರಚನೆ ಸಿಕ್ಕಿದ ಕತೆ ಬರೆದಾಗ, ಆ ರಚನೆ ತಿಳಿಯಲು ನೆರವಾದ ಎಕ್ಸ್-ರೇ ಕೆಲಸ ಮಾಡಿದ್ದ ವಿಜ್ಞಾನಿ ರೋಸಲಿಂಡ್ ಫ್ರಾಂಕ್ಲಿನ್ ತೀರಿಕೊಂಡು ಹತ್ತು ವರ್ಷ ಆಗಿತ್ತು. ಅವರು ಸತ್ತದ್ದು 37ನೇ ವಯಸ್ಸಿನಲ್ಲಿ. ಪುಸ್ತಕದಲ್ಲಿ ಅವರನ್ನು ಸಿಡುಕಿನ ಹೆಂಗಸಾಗಿ ತೋರಿಸಿದ್ದರು, ಉತ್ತರ ಕೊಡಲು ಅವರಿರಲಿಲ್ಲ. ಕೊನೆಗೆ ಅವರ ಗೆಳತಿ ಆ್ಯನ್ ಸೇರ್ 1975ರಲ್ಲಿ ಇನ್ನೊಂದು ಪುಸ್ತಕ ಬರೆದು ಆ ಚಿತ್ರವನ್ನು ತಿದ್ದಬೇಕಾಯಿತು. ನನ್ನ ಕತೆಯ ವಿದ್ಯಾರ್ಥಿನಿ ಬದುಕಿದ್ದಾರೆ. ನೋಟ್‌ಬುಕ್ ತೆಗೆದು ತೋರಿಸಿದ್ದಾರೆ. ಅವರ ಕಾಲ ಮುಗಿಯಲಿ, ಆಮೇಲೆ ಯಾರಾದರೂ ಬರೆಯಲಿ ಅಂತ ನಾನು ಹೇಗೆ ಕಾಯಲಿ?

ಇದನ್ನು ಮೇಷ್ಟ್ರ ಮಗಳಿಗೆ ಹೇಳಲಿಲ್ಲ. ಅವರಿಗೆ ಡಾರ್ವಿನ್ ಕತೆ ಹೇಳಿದೆ. ಡಾರ್ವಿನ್ 1876ರಲ್ಲಿ ಮನೆಯವರಿಗೋಸ್ಕರ ತಮ್ಮ ಬದುಕಿನ ಬಗ್ಗೆ ಬರೆದಿಟ್ಟರು. ತೀರಿಕೊಂಡ ಮೇಲೆ 1887ರಲ್ಲಿ ಮಗ ಫ್ರಾನ್ಸಿಸ್ ಅದನ್ನು ಪ್ರಕಟಿಸಿದಾಗ, ಧರ್ಮದ ಬಗ್ಗೆ ಡಾರ್ವಿನ್ ಬರೆದಿದ್ದ ಎಷ್ಟೋ ಮಾತು, ಕೆಲವರ ಬಗ್ಗೆ ಆಡಿದ್ದ ಕಟುಮಾತು, ಎಲ್ಲ ತೆಗೆದುಹಾಕಿದ್ದರು. ಹೆಂಡತಿ ಎಮ್ಮಾಗೆ ಕೆಲವು ಸಾಲು ಓದಲೂ ಕಷ್ಟವಾಗುತ್ತಿತ್ತು. ಪ್ರೀತಿಯಿಂದಲೇ ತೆಗೆದದ್ದು. ಆ ಸಾಲುಗಳನ್ನೆಲ್ಲ ವಾಪಸ್ ಸೇರಿಸಿ 1958ರಲ್ಲಿ ಪುಸ್ತಕ ತಂದವರು ಮೊಮ್ಮಗಳು ನೋರಾ ಬಾರ್ಲೋ. ಅದೂ ಪ್ರೀತಿಯಿಂದಲೇ. ನಡುವೆ 71 ವರ್ಷ ಹೋಗಿತ್ತು.

ಅವರು ಏನೂ ಹೇಳದೆ ಫೋನ್ ಇಟ್ಟರು. ಎರಡು ತಿಂಗಳಾದ ಮೇಲೆ ಅವರೇ ಫೋನ್ ಮಾಡಿದರು. "ಆಯ್ತು, ಇರಲಿ. ಆದರೆ ಅಪ್ಪ ಆಮೇಲೆ ಅವರಿಗೆ ಏನು ಮಾಡಿದರು ಅನ್ನೋದನ್ನೂ ಬರಿ" ಅಂದರು. ಹುಡುಕಿದೆ. ಪತ್ರಗಳನ್ನು ನೋಡಿದೆ, ದಿನಚರಿ ನೋಡಿದೆ, ನಾಲ್ಕು ಜನರನ್ನು ಕೇಳಿದೆ. ಏನೂ ಸಿಗಲಿಲ್ಲ. ಮೇಷ್ಟ್ರು ಏನೂ ಮಾಡಿರಲಿಲ್ಲ ಅಂತ ಕಾಣುತ್ತೆ. ಏನೂ ಸಿಗಲಿಲ್ಲ ಅಂತಲೇ ಬರೆದು ಕಳಿಸಿದೆ. ಅಕ್ಕ, ಆ ಸಾಲನ್ನೂ ನೀವು ಹೊಡೆದುಹಾಕಲಿಲ್ಲ. ನನಗಿಂತ ಎಷ್ಟೋ ಕಷ್ಟದ ಕೆಲಸ ನೀವು ಮಾಡಿದಿರಿ.

ಹದಿನೇಳು ಸಂದರ್ಶನಗಳ ಧ್ವನಿಮುದ್ರಣ ಕೇಳಿ ಬರೆದಿಳಿಸಿದ ಗೆಳೆಯರಿಗೆ, "ಮಹಾನ್" ಅನ್ನುವ ಪದವನ್ನು ಕಂಡಕಂಡಲ್ಲಿ ಅಳಿಸಿದ ಸಂಪಾದಕರಿಗೆ, ಆರು ವರ್ಷ ನನ್ನ ಬಾಯಲ್ಲಿ ಒಂದೇ ವಿಷಯ ಕೇಳಿದ ಮನೆಯವರಿಗೆ ನನ್ನ ಪ್ರೀತಿ.

ಕೊನೆಯದಾಗಿ ಒಂದು ಮಾತು ಹೇಳಲೇಬೇಕು. ಅಚ್ಚಿಗೆ ಹೋಗುವ ಮೂರು ದಿನ ಮೊದಲು ಕೊನೆಯ ಪ್ರೂಫ್ ಬಂತು. ಹಿಂಬದಿಯ ಹೆಸರುಗಳ ಸೂಚಿ ಮಾಡಿದ್ದು ನಾನೇ. ಎರಡು ಸಲ ನೋಡಿ ಎಲ್ಲ ಸರಿ ಇದೆ ಅಂತ ಸಹಿ ಹಾಕಿದ್ದೆ. ರಾತ್ರಿ ಹನ್ನೊಂದಕ್ಕೆ ಮೇಷ್ಟ್ರ ಮಗಳ ಫೋನ್ ಬಂತು. ಪ್ರೂಫ್ ಅವರ ಕೈಯಲ್ಲಿತ್ತು. "ಸೂಚಿಯಲ್ಲಿ ಅವರ ಹೆಸರು ಬಿಟ್ಟುಹೋಗಿದೆ ನೋಡು" ಅಂದರು. ಯಾರ ಹೆಸರು ಅಂತ ನಾನು ಕೇಳಬೇಕಾಗಿ ಬರಲಿಲ್ಲ. ಪುಟದ ಸಂಖ್ಯೆಗಳನ್ನು ಅವರೇ ಓದಿ ಹೇಳಿದರು, ನಾನು ಬರೆದುಕೊಂಡೆ. ಒಟ್ಟು ಹದಿನಾಲ್ಕು ಪುಟ.