ಶಜ್ರಾದಲ್ಲಿ ಮಗಳ ಗೆರೆ ಇಲ್ಲ
ಮಾನ್ಯ ಸಂಪಾದಕರೇ,

ವಿದೇಶದಲ್ಲಿ ಬೆಳೆದ ಪಂಜಾಬಿ ಅಕ್ಕತಂಗಿಯರು ಅಜ್ಜನ ಊರು ಹುಡುಕಿ ಬರುವ ಕಥೆಗಳಲ್ಲಿ ಹಳೇ ಫೋಟೊ ಒಂದಿದ್ದರೆ ಸಾಕು, ಊರು ಸಿಕ್ಕಿಬಿಡುತ್ತದೆ. ವಾಸ್ತವ ಹಾಗಿಲ್ಲ. ಗಿಲ್, ಸಿಧು ಎಂಬ ಅಡ್ಡಹೆಸರು ಹಿಡಿದು ಹೊರಟರೆ ದಾರಿ ತಪ್ಪುತ್ತದೆ; ಅವು ಊರೂರಿಗೆ ಹರಡಿದ ಗೋತ್ರಗಳು. ಮುತ್ತಜ್ಜನ ಹೆಸರು, ತಹಸೀಲು ಗೊತ್ತಿರಬೇಕು. ಒಂದೇ ಹೆಸರಿನ ಊರುಗಳು ಹಲವಿರುವುದರಿಂದ ಗ್ರಾಮದ ಹದ್‌ಬಸ್ತ್ ಸಂಖ್ಯೆಯೂ (ಕಂದಾಯ ದಾಖಲೆಯಲ್ಲಿ ಗ್ರಾಮಕ್ಕೆ ಕೊಟ್ಟ ಸಂಖ್ಯೆ) ಬೇಕು. ನಮ್ಮ ಪಹಣಿಯಂಥದ್ದೇ ಪಂಜಾಬಿನ ಜಮಾಬಂದಿ. ಅದರ ಜತೆ ಜಮೀನಿನ ಒಡೆಯರ ವಂಶಾವಳಿ ‘ಶಜ್ರಾ ನಸಬ್’ ಕೇಳಿ. ಹಳೆಯವು ಉರ್ದುವಿನಲ್ಲಿವೆ, ಪಂಜಾಬಿಯ ಗುರುಮುಖಿ ಲಿಪಿ ಮಾತ್ರ ಬಲ್ಲವರಿಗೆ ಓದಲು ಬಾರದು.

ನೋವಾಗುವುದು ಇಲ್ಲೇ. ಶಜ್ರಾದಲ್ಲಿ ಅಪ್ಪನಿಂದ ಮಗನಿಗೆ ಗೆರೆ ಇಳಿಯುತ್ತದೆ, ಮಗಳಿಗೆ ಸಾಮಾನ್ಯವಾಗಿ ಗೆರೆಯೇ ಇಲ್ಲ. 1956ರ ಹಿಂದೂ ಉತ್ತರಾಧಿಕಾರ ಕಾಯ್ದೆಗೆ ಮುನ್ನ ಅಲ್ಲಿನ ರೂಢಿ ಹೆಣ್ಣುಮಕ್ಕಳನ್ನು ಪಿತ್ರಾರ್ಜಿತ ಜಮೀನಿನಿಂದ ಹೊರಗಿಟ್ಟಿತ್ತು. ಹಾಗಾಗಿ ಅಜ್ಜಿಯ ತವರು ಹುಡುಕುವವರು ಆಕೆಯ ಅಣ್ಣತಮ್ಮಂದಿರ ಹೆಸರಿನಿಂದ ಶುರುಮಾಡಬೇಕು.

1947ರ ವಿಭಜನೆಯಲ್ಲಿ ಈಗಿನ ಪಾಕಿಸ್ತಾನದ ಲಾಹೋರ್, ಲಾಯಲ್‌ಪುರ ಕಡೆಯಿಂದ ಬಂದ ಕುಟುಂಬಗಳಿಗೆ ಹರಿದ್ವಾರದ ಪಂಡಾಗಳ (ತೀರ್ಥ ಪುರೋಹಿತರ) ಬಹಿಗಳು ದೊಡ್ಡ ಆಸರೆ. ಉದ್ದನೆಯ ಆ ಪುಸ್ತಕಗಳಲ್ಲಿ ಯಾತ್ರೆಗೆ ಬಂದವರ ಹೆಸರು, ತಲೆಮಾರುಗಳ ವಿವರ ಊರು ಮತ್ತು ಜಾತಿವಾರು ದಾಖಲಾಗಿದೆ. ಈಗಿನ ವಿಳಾಸ ಹೇಳಿದರೆ ಪ್ರಯೋಜನವಿಲ್ಲ, ವಿಭಜನೆಗೆ ಹಿಂದಿನ ಊರಿನ ಹೆಸರು ಹೇಳಿದರಷ್ಟೇ ಸರಿಯಾದ ಪಂಡಾ ಸಿಗುತ್ತಾರೆ.